ಕುರ್ಚಿಯಿಂದ ಯಾರೂ ಏಳದ ಸಿನಿಮಾ: ಮಾಡೆಲಿಂಗ್‌ನಿಂದ ನಟನೆಗೆ, ಅಲ್ಲಿಂದ ನಿರ್ದೇಶನಕ್ಕೆ ಹೋದ ಒಬ್ಬರ ಪ್ರಕರಣ

ಇದು ಒಬ್ಬರ ಕಥೆ. ಹೆಸರು ಹೇಳುವುದಿಲ್ಲ. ಊರು, ಭಾಷೆ, ಮಾಡಿದ ಚಿತ್ರಗಳು ಯಾವುದೂ ಇಲ್ಲಿ ಬರುವುದಿಲ್ಲ. ಗುರುತು ಸಿಗಬಾರದೆಂದು ಕೆಲವು ವಿವರ ಬದಲಿಸಿದ್ದೇನೆ. ಗಂಡೋ ಹೆಣ್ಣೋ ಅನ್ನುವುದನ್ನೂ ಬಿಟ್ಟುಕೊಡುವುದಿಲ್ಲ. ಆ ಮಟ್ಟಿಗೆ ಕನ್ನಡ ಕೈ ಹಿಡಿಯುತ್ತದೆ, 'ಇವರು' ಅಂದರೆ ಸಾಕು. ಬರೆದದ್ದನ್ನು ಇವರಿಗೆ ತೋರಿಸಿದೆ. ಒಂದೇ ಒಂದು ಸಾಲು ತೆಗೆಸಿದರು. ಅದು ಹೊಗಳಿಕೆಯ ಸಾಲು.

ನನ್ನದು ಸಂಕಲನದ ಕೆಲಸ. ನಟರನ್ನು ಸೆಟ್ಟಿನಲ್ಲಿ ನೋಡುವುದು ಕಮ್ಮಿ. ಎಡಿಟಿಂಗ್ ರೂಮಿನಲ್ಲಿ ಒಂದೊಂದು ಫ್ರೇಮ್, ಅಂದರೆ ಒಂದೊಂದು ಬಿಡಿ ಚಿತ್ರ, ನಿಲ್ಲಿಸಿ, ಹಿಂದೆ ಮುಂದೆ ಎಳೆದು ನೋಡುತ್ತೇನೆ. ಹಾಗಾಗಿ ಈ ಪ್ರಕರಣ ನನಗೆ ಕಂಡದ್ದೂ ಆ ಮೇಜಿನ ಕಡೆಯಿಂದಲೇ. ಇವರ ಏಜೆಂಟ್ ಬರೆದಿದ್ದರೆ ಕಥೆ ಬೇರೆ ಥರ ಇರುತ್ತಿತ್ತು.

ಹಿನ್ನೆಲೆ

ಇವರು 8 ವರ್ಷ ಮಾಡೆಲಿಂಗ್ ಮಾಡಿದ್ದರು. ಕೆಲಸಕ್ಕೆ ಕೊರತೆ ಇರಲಿಲ್ಲ. ಕೆಲಸ ಕಮ್ಮಿಯಾಗುವ ಮೊದಲೇ ಸಿನಿಮಾ ಕಡೆ ಹೊರಟರು. ಮಾಡೆಲಿಂಗ್‌ನಲ್ಲಿ ಆಯಸ್ಸು ಚಿಕ್ಕದು, ಎಲ್ಲರಿಗೂ ಗೊತ್ತಿರುವ ಮಾತೇ. ಆದರೆ ಗೊತ್ತಿದ್ದೂ ಫೋನು ನಿಲ್ಲುವ ತನಕ ಕಾಯುವವರೇ ಜಾಸ್ತಿ. ಇವರು ಕಾಯಲಿಲ್ಲ. ಈ ಕಥೆಯ ಒಳ್ಳೆಯ ತೀರ್ಮಾನಗಳಲ್ಲಿ ಅದು ಮೊದಲನೆಯದು.

ಮಾಡೆಲಿಂಗ್ ಅಂದರೆ ಸುಮ್ನೆ ನಿಲ್ಲೋದು ಅಂತ ನಾನೂ ಅಂದುಕೊಂಡಿದ್ದೆ. ಹಾಗಲ್ಲ. ಮುಖ್ಯ ಲೈಟು ಎಲ್ಲಿಂದ ಬರುತ್ತಿದೆ ಎಂದು ಚರ್ಮದ ಬಿಸಿಯಲ್ಲೇ ಹೇಳುತ್ತಿದ್ದರು. ಕ್ಯಾಮೆರಾಗೆ ಯಾವ ಲೆನ್ಸ್ ಹಾಕಿದ್ದಾರೆ ಎಂದು ನೋಡಿ, ತಾವು ಚಿತ್ರದಲ್ಲಿ ಎಲ್ಲಿಯವರೆಗೆ ಕಾಣುತ್ತೇವೆ ಎಂದು ಅಂದಾಜು ಮಾಡುತ್ತಿದ್ದರು. ಮೊದಲ ಸಿನಿಮಾದಲ್ಲಿ ಕ್ಯಾಮೆರಾ ತಂಡಕ್ಕೆ ಇವರೆಂದರೆ ಪ್ರೀತಿ. ನೆಲದ ಮೇಲಿನ ಮಾರ್ಕ್ ನೋಡದೆಯೇ ಸರಿಯಾಗಿ ಅದರ ಮೇಲೆ ಬಂದು ನಿಲ್ಲುತ್ತಿದ್ದರು. ಎಷ್ಟೋ ನಟರಿಗೆ ಹತ್ತು ವರ್ಷವಾದರೂ ಬಾರದ ವಿದ್ಯೆ ಅದು.

ಎಲ್ಲಿ ಕೆಟ್ಟಿತು

ಆ ಸಿನಿಮಾ ನನ್ನ ಮೇಜಿಗೆ ಬಂತು. ಪಾತ್ರ ಚಿಕ್ಕದು, ಆರು ಸೀನು. ಮೂರನೇ ಸೀನು ಕತ್ತರಿಸುವಾಗ ತಲೆ ಕೆರೆದುಕೊಂಡೆ. ಇವರ ಮುಖ ಚೆನ್ನಾಗಿದೆ, ಮಾತು ತಪ್ಪಿಲ್ಲ, ಆದರೂ ಸೀನು ಮುಂದಕ್ಕೆ ಹೋಗುತ್ತಿಲ್ಲ. ಇವರು ಬಂದಾಗಲೆಲ್ಲ ಬಂಡಿ ನಿಂತ ಹಾಗೆ.

ಕೊನೆಗೆ ಫ್ರೇಮ್ ಎಣಿಸಿದೆ. ಸಿನಿಮಾದಲ್ಲಿ ಸೆಕೆಂಡಿಗೆ 24 ಫ್ರೇಮ್. ಪ್ರತಿ ಮಾತಿನ ಕೊನೆಯಲ್ಲಿ, ಪ್ರತಿ ಚಲನೆಯ ಕೊನೆಯಲ್ಲಿ ಇವರ ಮುಖ ಒಂದು ಕಡೆ ಬಂದು ಕೂರುತ್ತಿತ್ತು. 10 ಫ್ರೇಮ್, 12 ಫ್ರೇಮ್. ಅಂದರೆ ಅರ್ಧ ಸೆಕೆಂಡು. ಆಮೇಲೆ ಮುಂದಿನ ಮಾತು. ಮತ್ತೆ ಅರ್ಧ ಸೆಕೆಂಡು. ಒಂದು ಸಲ ಆದರೆ ಯಾರಿಗೂ ಕಾಣುವುದಿಲ್ಲ. ಒಂದೇ ಸೀನಿನಲ್ಲಿ 20 ಸಲ ಆದರೆ ನೋಡುವವರಿಗೆ ಕಾರಣ ತಿಳಿಯುವುದಿಲ್ಲ, ಬೇಜಾರು ಮಾತ್ರ ಬರುತ್ತದೆ.

ಈ ಅರ್ಧ ಸೆಕೆಂಡು ಎಲ್ಲಿಂದ ಬಂತು ಅಂತ ಆಮೇಲೆ ಇವರೇ ವಿವರಿಸಿದರು. ಫೋಟೊ ಶೂಟಿನಲ್ಲಿ ಒಂದು ಲಯ ಇರುತ್ತದೆ. ಒಂದು ಭಂಗಿಗೆ ಬರಬೇಕು, ನಿಲ್ಲಬೇಕು, ಫ್ಲಾಶ್ ಮಿಂಚಬೇಕು, ಮುಂದಿನ ಭಂಗಿ. ದಿನಕ್ಕೆ ನೂರಾರು ಸಲ. ಎಂಟು ವರ್ಷ. ಇವರ ಮೈ ಪ್ರತಿ ಮಾತಿನ ಕೊನೆಗೆ ಫ್ಲಾಶ್‌ಗೆ ಕಾಯುತ್ತಿತ್ತು. ಸಿನಿಮಾದಲ್ಲಿ ಆ ಫ್ಲಾಶ್ ಬರುವುದೇ ಇಲ್ಲ, ಅಲ್ವಾ?

ಇನ್ನೆರಡು ತೊಂದರೆ ಇತ್ತು. ಒಂದು, ಮುಖದ 'ಒಳ್ಳೆಯ ಬದಿ'. ಇವರ ಬಲಗೆನ್ನೆ ಕ್ಯಾಮೆರಾಗೆ ಚೆನ್ನ, ಅದು ಇವರಿಗೂ ಗೊತ್ತು. ಸಿನಿಮಾದಲ್ಲಿ ಇಬ್ಬರು ಮಾತಾಡುವಾಗ ಅವರ ನಡುವೆ ಒಂದು ಕಾಣದ ಗೆರೆ ಎಳೆದುಕೊಂಡು, ಕ್ಯಾಮೆರಾವನ್ನು ಅದರ ಒಂದೇ ಬದಿಯಲ್ಲಿ ಇಡುತ್ತಾರೆ. ಹಾಗಾಗಿ ಯಾವ ಕೆನ್ನೆ ಕಾಣಬೇಕು ಅನ್ನುವುದು ಸೀನು ತೀರ್ಮಾನಿಸುವ ವಿಷಯ. ಇವರು ಎಡಗೆನ್ನೆ ಕಾಣುವ ಶಾಟಿನಲ್ಲಿ ತಮಗೇ ತಿಳಿಯದಂತೆ ಕತ್ತು ತಿರುಗಿಸುತ್ತಿದ್ದರು. ದೃಷ್ಟಿ ಎದುರಿನವರನ್ನು ದಾಟಿ ಹೋಗುತ್ತಿತ್ತು. ಕತ್ತರಿಸಿ ಜೋಡಿಸಿದರೆ, ಜಗಳ ಆಡುತ್ತಿರುವ ಇಬ್ಬರೂ ಬೇರೆ ಯಾರನ್ನೋ ಬೈಯುತ್ತಿರುವ ಹಾಗೆ ಕಾಣುತ್ತಿತ್ತು.

ಎರಡನೆಯದು ದನಿ. ಎಂಟು ವರ್ಷ ಬಾಯಿ ಬಿಡದೆ ದುಡಿದವರು. ಉಸಿರು ಎದೆಯ ಮೇಲ್ಭಾಗದಲ್ಲೇ ನಿಲ್ಲುತ್ತಿತ್ತು, ವಾಕ್ಯದ ಕೊನೆ ನುಂಗಿ ಹೋಗುತ್ತಿತ್ತು. ಆ ಸಿನಿಮಾದಲ್ಲಿ ಇವರ ಪಾತ್ರಕ್ಕೆ ಬೇರೆಯವರ ದನಿ ಕೊಡಿಸಿದರು. ಆ ವಿಷಯ ಇವರಿಗೆ ಗೊತ್ತಾದದ್ದು ಸಿನಿಮಾ ತೆರೆಗೆ ಬಂದ ದಿನ, ತೆರೆಯ ಮುಂದೆ ಕೂತಾಗ.

ತಪ್ಪು ಮದ್ದು

ಸಿನಿಮಾ ನೋಡಿದವರೆಲ್ಲ ಒಂದೇ ಮಾತು ಹೇಳಿದರು: "ಎಕ್ಸ್‌ಪ್ರೆಷನ್ ಸಾಲದು." ನಿರ್ದೇಶಕರು ಹೇಳಿದರು, ಏಜೆಂಟ್ ಹೇಳಿದರು, ಗೆಳೆಯರೂ ಹೇಳಿದರು. ಇಡೀ ಪ್ರಕರಣದಲ್ಲಿ ಜಾಸ್ತಿ ನಷ್ಟ ಮಾಡಿದ್ದು ಈ ಮಾತೇ ಅನ್ನಿಸುತ್ತದೆ ನನಗೆ. ಹೇಳಿದವರು ಸುಳ್ಳು ಹೇಳಲಿಲ್ಲ. ಆದರೆ ರೋಗ ಒಂದು, ಹೆಸರು ಇನ್ನೊಂದು.

ಎಕ್ಸ್‌ಪ್ರೆಷನ್ ಸಾಲದು ಅಂದರೆ ಏನು ಮಾಡುತ್ತಾರೆ? ಕನ್ನಡಿ ಮುಂದೆ ನಿಲ್ಲುತ್ತಾರೆ. ಇವರೂ 4 ತಿಂಗಳು ನಿಂತರು. ಕೋಪ, ದುಃಖ, ಅನುಮಾನ ಎಲ್ಲ ಅಭ್ಯಾಸ ಮಾಡಿದರು. ಕನ್ನಡಿ ಅಂದರೆ ಇನ್ನೊಂದು ಫೋಟೊ ತಾನೇ? ನಾಲ್ಕು ತಿಂಗಳ ನಂತರ ಮುಖ ಬಂದು ಕೂರುವ ಅರ್ಧ ಸೆಕೆಂಡು ಮುಕ್ಕಾಲು ಸೆಕೆಂಡಾಯಿತು. ಈಗ ಅಲ್ಲಿ ಭಾವವೂ ಸೇರಿಕೊಂಡಿತ್ತು, ಅಷ್ಟೇ.

ನಡುವೆ ಒಂದು ವಾರದ ಶಿಬಿರಕ್ಕೂ ಹೋಗಿ ಬಂದರು. ಹಳೆಯ ನೋವು ನೆನೆದು ಅಳುವುದನ್ನು ಕಲಿಸಿದರಂತೆ. ಅಳು ಬಂತು. ಅದೂ ಒಂದು ಭಂಗಿಯಾಗಿ ಸೇರಿಕೊಂಡಿತು.

ಆ ದಿನಗಳಲ್ಲಿ ನಾನು ಇವರಿಗೆ ಹಾಲಿವುಡ್ ನಟಿ ಲಾರೆನ್ ಬಕಾಲ್ ಅವರ ಕಥೆ ಹೇಳಿದ್ದೆ. ಆಕೆಯೂ ಮಾಡೆಲ್ ಆಗಿದ್ದವರು. 1943ರಲ್ಲಿ ಒಂದು ಫ್ಯಾಷನ್ ಪತ್ರಿಕೆಯ ಮುಖಪುಟದಲ್ಲಿ ಬಂದ ಚಿತ್ರ ನಿರ್ದೇಶಕ ಹೊವಾರ್ಡ್ ಹಾಕ್ಸ್ ಅವರ ಹೆಂಡತಿಯ ಕಣ್ಣಿಗೆ ಬಿತ್ತು. ಮರುವರ್ಷ, 19ನೇ ವಯಸ್ಸಿನಲ್ಲಿ, ಹಾಕ್ಸ್ ಅವರ ಚಿತ್ರದಲ್ಲಿ ನಾಯಕಿ. ದನಿ ತಗ್ಗಿಸಿ ಮಾತಾಡಲು ಆಕೆ ಗಟ್ಟಿಯಾಗಿ ಓದಿ ಓದಿ ಅಭ್ಯಾಸ ಮಾಡಿದರು. ಆದರೆ ಎಲ್ಲರಿಗೂ ನೆನಪಿರುವುದು ಗದ್ದ ತಗ್ಗಿಸಿ, ಕಣ್ಣು ಮೇಲೆತ್ತಿ ನೋಡುವ ಆ ನೋಟ. ಅದನ್ನು ಮಾಡೆಲ್ ಕಲಿತ ಭಂಗಿ ಅಂದುಕೊಳ್ಳುತ್ತೇವೆ. ಆಕೆಯೇ ಹೇಳಿಕೊಂಡ ಪ್ರಕಾರ ವಿಷಯ ಬೇರೆ. ಹೆದರಿಕೆಗೆ ತಲೆ ನಡುಗುತ್ತಿತ್ತು. ಗದ್ದವನ್ನು ಎದೆಗೆ ಹತ್ತಿರ ಇಟ್ಟುಕೊಂಡರೆ ನಡುಕ ನಿಲ್ಲುತ್ತಿತ್ತು. ಏನನ್ನೋ ತೋರಿಸಲು ಮಾಡಿದ್ದಲ್ಲ ಅದು, ಮುಚ್ಚಿಕೊಳ್ಳಲು ಮಾಡಿದ್ದು.

ಇವರು ಕೇಳಿಸಿಕೊಂಡು, "ನಂಗೆ ನಡುಕವೇ ಬರಲ್ಲ ಕಣ್ರೀ, ಅದೇ ಪ್ರಾಬ್ಲಂ" ಅಂದರು. ತಮಾಷೆಗೆ ಹೇಳಿದ್ದು. ಆದರೆ ನಿಜ. ಕ್ಯಾಮೆರಾ ಮುಂದೆ ಇವರಿಗೆ ವಿಪರೀತ ಆರಾಮ.

ತಿರುವು

ಮದ್ದು ಸಿಕ್ಕಿದ್ದು ಒಂದು ಸಣ್ಣ ನಟನಾ ತರಗತಿಯಲ್ಲಿ. ಅಮೆರಿಕದ ನಟನಾ ಶಿಕ್ಷಕ ಸ್ಯಾನ್‌ಫರ್ಡ್ ಮೈಸ್ನರ್ ರೂಪಿಸಿದ ಒಂದು ಅಭ್ಯಾಸ ಅಲ್ಲಿ ಮಾಡಿಸುತ್ತಿದ್ದರು. ಇಬ್ಬರು ಎದುರುಬದುರು ಕೂರಬೇಕು. ಒಬ್ಬರು ಎದುರಿನವರಲ್ಲಿ ಕಂಡದ್ದನ್ನು ಹೇಳಬೇಕು: "ನೀನು ಕಾಲು ಅಲ್ಲಾಡಿಸ್ತಿದ್ದೀಯ." ಇನ್ನೊಬ್ಬರು, "ನಾನು ಕಾಲು ಅಲ್ಲಾಡಿಸ್ತಿದ್ದೀನಿ." ಮತ್ತೆ ಅದೇ, ಮತ್ತೆ ಅದೇ. ಎದುರಿನವರಲ್ಲಿ ಏನೋ ಬದಲಾದಾಗ ಮಾತು ತಾನಾಗಿ ಬದಲಾಗಬೇಕು. ನೋಡಲು ಹುಚ್ಚಾಟ. ಆದರೆ ಗಮನವೆಲ್ಲ ಎದುರಿನವರ ಮೇಲೆ ಇರುವುದರಿಂದ ನಿಮ್ಮ ಮುಖ ಹೇಗಿದೆ ಎಂದು ನೋಡಿಕೊಳ್ಳಲು ಪುರುಸೊತ್ತೇ ಇರುವುದಿಲ್ಲ.

ಮೊದಲ ಎರಡು ವಾರ ಇವರಿಗೆ ಕೋಪ ಬರುತ್ತಿತ್ತು. ಆರನೇ ವಾರದಲ್ಲಿ ತರಗತಿಯ ಒಂದು ವಿಡಿಯೊ ಕಳಿಸಿದರು. ಅಭ್ಯಾಸಬಲದಿಂದ ಫ್ರೇಮ್ ಎಣಿಸಿದೆ. ಅರ್ಧ ಸೆಕೆಂಡು ಎಲ್ಲೂ ಇರಲಿಲ್ಲ.

ಅದೇ ಹೊತ್ತಿಗೆ ಒಂದು ನಾಟಕದಲ್ಲಿ ಪಾತ್ರ ಸಿಕ್ಕಿತು. ನಾಲ್ಕೇ ಮಾತು, ಆದರೆ 40 ನಿಮಿಷ ರಂಗದ ಮೇಲೆ ಇರಬೇಕು, ಬೇರೆಯವರ ಮಾತು ಕೇಳಿಸಿಕೊಳ್ಳುತ್ತಾ. ಏಜೆಂಟ್ ಬೇಡ ಅಂದರು. ಇವರು ಹೋದರು. ಉಸಿರೂ ದನಿಯೂ ಕೊನೆಯ ಸಾಲಿನ ತನಕ ಮುಟ್ಟುವುದನ್ನು ಕಲಿತದ್ದು ಅಲ್ಲಿ.

ಶೋರೀಲ್, ಅಂದರೆ ಮಾಡಿದ ಕೆಲಸದ ತುಣುಕು ಜೋಡಿಸಿ ತೋರಿಸುವ ವಿಡಿಯೊ, ಹೊಸದಾಗಿ ಮಾಡಿಕೊಡಿ ಅಂತ ನನ್ನ ಹತ್ತಿರ ಬಂದರು. ಹಳೆಯದು ನಾಲ್ಕೂವರೆ ನಿಮಿಷ ಇತ್ತು. ಅರ್ಧದಷ್ಟು ಜಾಹೀರಾತು, ಸ್ಲೋ ಮೋಷನ್, ಗಾಳಿಗೆ ಹಾರುವ ಬಟ್ಟೆ. ಎಲ್ಲ ತೆಗೆದೆ. ಉಳಿದದ್ದು ಒಂದು ನಿಮಿಷ ನಲವತ್ತು ಸೆಕೆಂಡು. ಮೊದಲ ಶಾಟಿನಲ್ಲಿ ಇವರು ಮಾತೇ ಆಡುವುದಿಲ್ಲ, ಕೇಳಿಸಿಕೊಳ್ಳುತ್ತಾರೆ. ಎರಡು ದಿನ ನನ್ನ ಫೋನ್ ಎತ್ತಲಿಲ್ಲ. ಮೂರನೇ ದಿನ ಅದನ್ನೇ ಎಲ್ಲರಿಗೂ ಕಳಿಸಿದರು.

ಒಂಬತ್ತು ತಿಂಗಳು

ಆ ಶೋರೀಲ್ ನೋಡಿ ಒಬ್ಬ ನಿರ್ದೇಶಕರು ಕರೆದರು. ನಿಜವಾದ ಪಾತ್ರ. ಒಂದೇ ಷರತ್ತು, ತಲೆ ಬೋಳಿಸಬೇಕು.

ಇಲ್ಲಿ ಅಡ್ಡ ಬಂದದ್ದು ಒಂದು ಜಾಹೀರಾತು ಒಪ್ಪಂದ. ಇಂಥ ಒಪ್ಪಂದಗಳಲ್ಲಿ ಹಣ, ಅವಧಿ, ಎಲ್ಲೆಲ್ಲಿ ಚಿತ್ರ ಬಳಸಬಹುದು, ಪೈಪೋಟಿಯ ಬ್ರ್ಯಾಂಡ್‌ಗೆ ಕೆಲಸ ಮಾಡಬಾರದು, ಇವನ್ನು ಎಲ್ಲರೂ ಓದುತ್ತಾರೆ. ರೂಪದ ಬಗ್ಗೆಯೂ ಒಂದು ಕಲಮು ಇರುತ್ತದೆ. ಕೂದಲು, ತೂಕ, ಚರ್ಮದಲ್ಲಿ ಎದ್ದು ಕಾಣುವ ಬದಲಾವಣೆ ಮಾಡಬೇಕಾದರೆ ಮೊದಲೇ ಲಿಖಿತ ಒಪ್ಪಿಗೆ ಬೇಕು. ಮಾಡೆಲ್ ಆಗಿ ಇದ್ದಷ್ಟು ದಿನ ಅದು ಕಣ್ಣಿಗೇ ಬೀಳದ ಕಲಮು. ನಟನೆಗೆ ಹೊರಟ ಕೂಡಲೇ ಅದೇ ಬೇಲಿ. ಇವರ ಒಪ್ಪಂದ ಮುಗಿಯಲು ಇನ್ನೂ 9 ತಿಂಗಳಿತ್ತು. ಒಪ್ಪಿಗೆ ಕೇಳಿದರು, ಸಿಗಲಿಲ್ಲ. ಶೂಟಿಂಗ್ ಮುಂದಕ್ಕೆ ಹಾಕಿ ಎಂದು ನಿರ್ದೇಶಕರನ್ನು ಕೇಳಿದರು, ಆಗಲಿಲ್ಲ. ಪಾತ್ರ ಬೇರೆಯವರಿಗೆ ಹೋಯಿತು.

ಒಪ್ಪಂದ ಮುರಿದು ಹೋಗಿ ಅಂದವರಿದ್ದರು. ಇವರು ಮುರಿಯಲಿಲ್ಲ. ಮನೆ ನಡೆಯುತ್ತಿದ್ದದ್ದು ಆ ದುಡ್ಡಿನಲ್ಲಿ, ತರಗತಿಯ ಫೀಸೂ ಅದರಲ್ಲೇ. 'ಎಲ್ಲ ಬಿಟ್ಟು ಬಂದೆ' ಎನ್ನುವ ಕಥೆ ಸಂದರ್ಶನದಲ್ಲಿ ಚೆನ್ನಾಗಿ ಕೇಳುತ್ತದೆ. ಎಲ್ಲ ಬಿಟ್ಟು ಬಂದವರು ಬಾಡಿಗೆ ಕಟ್ಟಲು ಸಿಕ್ಕ ಪಾತ್ರ ಒಪ್ಪಿಕೊಳ್ಳುವುದನ್ನೂ ನೋಡಿದ್ದೇನೆ. ಒಪ್ಪಂದ ನವೀಕರಣಕ್ಕೆ ಬಂದಾಗ ಇವರು ಹಣ ಕಮ್ಮಿ ಮಾಡಿಕೊಂಡರು, ಅದಕ್ಕೆ ಬದಲಾಗಿ ರೂಪದ ಕಲಮನ್ನು ಸಡಿಲಿಸಿಕೊಂಡರು. ಪಾತ್ರಕ್ಕಾಗಿಯಾದರೆ 60 ದಿನ ಮುಂಚೆ ತಿಳಿಸಿದರೆ ಸಾಕು ಎಂದು. ಒಳ್ಳೆಯ ವ್ಯಾಪಾರ ಅದು.

ಆ ಒಂಬತ್ತು ತಿಂಗಳು ಏನು ಮಾಡುವುದು? "ನಿಮ್ಮ ರೂಮಿನಲ್ಲಿ ಕೂರಲಾ?" ಎಂದು ಕೇಳಿದರು.

ಹಾಲಿವುಡ್ ನಟಿ ಇಡಾ ಲುಪಿನೋ ನೆನಪಾದರು. 1940ರ ದಶಕದಲ್ಲಿ ಸ್ಟುಡಿಯೊ ಕೊಟ್ಟ ಪಾತ್ರಗಳನ್ನು ಒಪ್ಪದೆ ಆಕೆ ಅಮಾನತಾಗುತ್ತಿದ್ದರು. ಆ ಬಿಡುವಿನಲ್ಲಿ ಶೂಟಿಂಗ್, ಎಡಿಟಿಂಗ್ ಎಲ್ಲ ನೋಡುತ್ತಾ ಕಲಿತರು. 1949ರಲ್ಲಿ ತಾವೇ ನಿರ್ಮಿಸುತ್ತಿದ್ದ ಚಿತ್ರದ ನಿರ್ದೇಶಕರು ಹುಷಾರು ತಪ್ಪಿದಾಗ ಆಕೆಯೇ ಚಿತ್ರ ಮುಗಿಸಿದರು. ಆಮೇಲೆ ನಿರ್ದೇಶಕಿಯಾಗಿ ನಿಂತರು. ಇದನ್ನು ಹೇಳಿ, "ಬನ್ನಿ, ಆದ್ರೆ ಕೆಲಸ ಕೊಡ್ತೀನಿ" ಅಂದೆ.

ಕೊಟ್ಟ ಕೆಲಸ, ಶೂಟ್ ಆಗಿ ಬಂದ ಎಲ್ಲ ಟೇಕುಗಳನ್ನೂ ನೋಡಿ ಪಟ್ಟಿ ಮಾಡುವುದು. ಗುಮಾಸ್ತಿಕೆ. ಎರಡನೇ ತಿಂಗಳಲ್ಲಿ ಇವರು ಒಂದು ವಿಷಯ ಗಮನಿಸಿದರು. ನಾನು ಬಳಸುವ ತುಣುಕುಗಳಲ್ಲಿ ಎಷ್ಟೋ ಮಾತು ಮುಗಿದ ಮೇಲಿನವು. ನಟ ತನ್ನ ಮಾತು ಹೇಳಿ ಮುಗಿಸಿದ್ದಾನೆ, ನಿರ್ದೇಶಕರು ಇನ್ನೂ ಕಟ್ ಹೇಳಿಲ್ಲ. ಆ ಎರಡು ಸೆಕೆಂಡು ಅವನ ಮುಖ ಎಲ್ಲಿಗೆ ಹೋಗಬೇಕೆಂದು ತಿಳಿಯದೆ ಅಲೆಯುತ್ತದೆ. ಅದನ್ನು ಬೇರೆ ಕಡೆ ತಂದು ಇಟ್ಟರೆ, ಅವನು ಏನನ್ನೋ ಯೋಚಿಸುತ್ತಿರುವ ಹಾಗೆ ಕಾಣುತ್ತದೆ.

ಇದು ಹೊಸದೇನಲ್ಲ. ಸುಮಾರು ನೂರು ವರ್ಷದ ಹಿಂದೆ ರಷ್ಯಾದಲ್ಲಿ ನಿರ್ದೇಶಕ ಲೆವ್ ಕುಲೆಶೋವ್ ಒಬ್ಬ ನಟನ ಒಂದೇ ಮುಖದ ಶಾಟನ್ನು ಬೇರೆ ಬೇರೆ ಚಿತ್ರಗಳ ಪಕ್ಕ ಜೋಡಿಸಿದರು. ಒಂದು ಬಟ್ಟಲು ಸೂಪು, ಒಂದು ಶವಪೆಟ್ಟಿಗೆ. ನೋಡಿದವರು ಆ ನಟ ಹಸಿವನ್ನೂ ದುಃಖವನ್ನೂ ಎಷ್ಟು ಚೆನ್ನಾಗಿ ಅಭಿನಯಿಸಿದ್ದಾನೆ ಅಂದರಂತೆ. ಮುಖ ಮಾತ್ರ ಅದೇ. ಮುಖದಲ್ಲಿ ಏನೋ ಬಾಕಿ ಇದ್ದರೆ ಪಕ್ಕದ ಚಿತ್ರ ಅದನ್ನು ತುಂಬುತ್ತದೆ. ಮುಖ ತಾನೇ ಎಲ್ಲ ಹೇಳಿ ಮುಗಿಸಿದರೆ ಪಕ್ಕದ ಚಿತ್ರಕ್ಕೆ ಕೆಲಸವಿಲ್ಲ. ಇವರು ನನ್ನ ಕಡೆ ತಿರುಗಿ, "ನಾನು ಎಂಟು ವರ್ಷ ಮುಗಿಸೋದನ್ನೇ ಕಲ್ತಿದ್ದು" ಅಂದರು.

ಅದೇ ಕಾಯಿಲೆ, ಬೇರೆ ಕುರ್ಚಿಯಲ್ಲಿ

ಇಷ್ಟು ಅರ್ಥವಾದ ಮೇಲೆ ನಿರ್ದೇಶನ ಸಲೀಸು ಅಂದುಕೊಂಡೆವು, ಇವರೂ ನಾನೂ. 12 ನಿಮಿಷದ ಕಿರುಚಿತ್ರ ಬರೆದರು. ತಮ್ಮದೇ ಹಣ ಹಾಕಿದರು. ನಾಲ್ಕು ದಿನ ಶೂಟ್ ಮಾಡಿ ಹಾರ್ಡ್ ಡಿಸ್ಕ್ ತಂದು ಮೇಜಿನ ಮೇಲೆ ಇಟ್ಟರು.

ಒಂದೊಂದು ಶಾಟೂ ಕಣ್ಣಿಗೆ ಹಬ್ಬ. ಕಿಟಕಿಯ ಬೆಳಕು, ಗೋಡೆಯ ಬಣ್ಣ, ಉಡುಪಿನ ಮಡಿಕೆ, ಎಲ್ಲ ತೂಗಿ ಅಳೆದು ಇಟ್ಟದ್ದು. ಜೋಡಿಸಲು ಕೂತೆ. ಜೋಡಣೆಯೇ ಆಗಲಿಲ್ಲ.

ಒಬ್ಬರು ಕುರ್ಚಿಯಿಂದ ಏಳುತ್ತಾರೆ ಅಂದುಕೊಳ್ಳಿ. ದೂರದ ಶಾಟಿನಲ್ಲಿ ಏಳಲು ಶುರು ಮಾಡಿ, ಹತ್ತಿರದ ಶಾಟಿನಲ್ಲಿ ಎದ್ದು ಮುಗಿಸಿದರೆ ಕತ್ತರಿ ಹಾಕಿದ್ದು ಕಾಣುವುದಿಲ್ಲ, ಚಲನೆ ಅದನ್ನು ಮುಚ್ಚುತ್ತದೆ. ಅದಕ್ಕಾಗಿ ಏಳುವ ಇಡೀ ಕ್ರಿಯೆಯನ್ನು ಎರಡೂ ಶಾಟಿನಲ್ಲಿ ಪೂರ್ತಿ ತೆಗೆದಿರಬೇಕು. ಇವರು ಕೂತದ್ದನ್ನು ಒಂದು ಶಾಟಿನಲ್ಲಿ ತೆಗೆದಿದ್ದರು, ನಿಂತದ್ದನ್ನು ಇನ್ನೊಂದರಲ್ಲಿ. 12 ನಿಮಿಷದ ಚಿತ್ರದಲ್ಲಿ ಒಬ್ಬರೂ ಕುರ್ಚಿಯಿಂದ ಏಳುವುದಿಲ್ಲ. ಕೂತಿರುತ್ತಾರೆ, ಆಮೇಲೆ ನಿಂತಿರುತ್ತಾರೆ. ಬಾಗಿಲು ಮುಚ್ಚಿರುತ್ತದೆ, ಆಮೇಲೆ ತೆರೆದಿರುತ್ತದೆ. ಎಲ್ಲವೂ ಮುಗಿದ ಚಿತ್ರ, ನಡುವಿನದ್ದು ಯಾವುದೂ ಇಲ್ಲ. ಮಾತಾಡುವವರ ಮುಖ ಇದೆ, ಕೇಳಿಸಿಕೊಳ್ಳುವವರ ಮುಖ ಒಂದೂ ಇಲ್ಲ. ಶೋರೀಲಿನಲ್ಲಿ ತಾವು ಕೇಳಿಸಿಕೊಳ್ಳುವ ಶಾಟೇ ಎಲ್ಲಕ್ಕಿಂತ ಚೆಂದ ಎಂದು ಒಪ್ಪಿಕೊಂಡವರು ಇವರೇ!

ನಟರ ಜೊತೆಗೂ ಅದೇ ಆಗಿತ್ತು. "ಗದ್ದ ಸ್ವಲ್ಪ ಇಳಿಸಿ. ಎಡಗೈ ಮೇಜಿನ ಮೇಲೆ. ಈಗ ಬೇಜಾರು." ಎಂಟು ವರ್ಷ ಫೋಟೊಗ್ರಾಫರ್‌ಗಳು ತಮಗೆ ಹೇಳಿದ್ದನ್ನೇ ಇವರು ಹೇಳುತ್ತಿದ್ದರು. ಮೂರನೇ ದಿನ ಒಬ್ಬ ಹಿರಿಯ ನಟರು, "ನಾನೇನು ಕುರ್ಚಿಯಾ, ನೀವು ಸರಿಸಿ ಸರಿಸಿ ಇಡೋಕೆ?" ಎಂದು ಕೇಳಿದರಂತೆ. ಇವರಿಗೆ ಆಗ ಸಿಟ್ಟು ಬಂದಿತ್ತು. ಎಡಿಟಿಂಗ್ ರೂಮಿನಲ್ಲಿ ಆ ದಿನದ ಟೇಕುಗಳನ್ನು ನೋಡಿದಾಗ ಸಿಟ್ಟು ಉಳಿಯಲಿಲ್ಲ.

ಇಲ್ಲಿ ನಾನು ಒಂದು ತಪ್ಪು ಸಲಹೆ ಕೊಟ್ಟೆ. ಇನ್ನೊಂದು ದಿನ ಶೂಟ್ ಮಾಡಿ ಬಿಟ್ಟುಹೋದ ಚಲನೆಗಳನ್ನು ತನ್ನಿ ಅಂದೆ. 19 ಜಾಗ ಗುರುತು ಮಾಡಿ ಕೊಟ್ಟೆ. ಒಂದು ದಿನದಲ್ಲಿ 11 ಆಯಿತು. ನೋಡಲಾಗದ ಚಿತ್ರ, ನೋಡಿ ಮರೆಯುವ ಚಿತ್ರವಾಯಿತು. ಇವರು ಅದನ್ನು ಎಲ್ಲಿಗೂ ಕಳಿಸಲಿಲ್ಲ. ಆ ಒಂದು ದಿನದ ಹಣವನ್ನು ಮುಂದಿನ ಚಿತ್ರಕ್ಕೆ ಎತ್ತಿಡಿ ಅನ್ನಬೇಕಿತ್ತು ನಾನು. ಹಾಳಾದ ಕೆಲಸವನ್ನು ರಿಪೇರಿ ಮಾಡುವುದು ನಮ್ಮ ವೃತ್ತಿಯ ಚಟ.

ಎರಡನೇ ಚಿತ್ರ

ಎರಡನೇ ಕಿರುಚಿತ್ರಕ್ಕೆ ಇವರು ಮಾಡಿಕೊಂಡ ಬದಲಾವಣೆಗಳು ಕೇಳಲು ಸಣ್ಣವು. ತಾವು ನಟಿಸಲಿಲ್ಲ. ಕ್ಯಾಮೆರಾ ಇಲ್ಲದೆ ಮೂರು ದಿನ ನಟರ ಜೊತೆ ತಾಲೀಮು ನಡೆಸಿದರು. ಆ ತಾಲೀಮನ್ನೇ ಫೋನಿನಲ್ಲಿ ತೆಗೆದು, ಶೂಟಿಂಗಿಗೆ ಮೊದಲೇ ಒರಟಾಗಿ ಜೋಡಿಸಿ ನೋಡಿದರು. ಎಲ್ಲಿ ಏನು ಸಾಲದು ಎಂದು ಖರ್ಚಿಲ್ಲದೆ ತಿಳಿಯಿತು. ನಟರಿಗೆ ಭಂಗಿ ಹೇಳುವುದನ್ನು ಬಿಟ್ಟರು. "ಕೋಪ ತೋರಿಸಿ" ಎನ್ನುವ ಬದಲು "ಅವನು ಎದ್ದು ಹೋಗೋ ಹಾಗೆ ಮಾಡಿ" ಅಂದರು. ಆಗ ನಟ ಏನೋ ಮಾಡಲು ಹೊರಡುತ್ತಾನೆ, ಮುಖ ತನ್ನಷ್ಟಕ್ಕೆ ಬರುತ್ತದೆ. ಪ್ರತಿ ಟೇಕನ್ನೂ ಮಾತಿಗೆ 5 ಸೆಕೆಂಡು ಮುಂಚೆ ಶುರು ಮಾಡಿ, ಮಾತು ಮುಗಿದ ಮೇಲೆ 5 ಸೆಕೆಂಡು ಬಿಟ್ಟು ಕಟ್ ಹೇಳಿದರು. ಆ ಕೊನೆಯ ಐದು ಸೆಕೆಂಡು ಇಡೀ ಸೆಟ್ಟಿಗೆ ಮುಜುಗರ. ನನಗೆ ಅದರಲ್ಲೇ ಊಟ.

ಮಾಡೆಲಿಂಗ್ ಕೊಟ್ಟದ್ದು ಆಗ ಉಪಯೋಗಕ್ಕೆ ಬಂತು. ಲೈಟು ಎಲ್ಲಿದೆ, ಯಾಕೆ ಅಲ್ಲಿದೆ ಎಂದು ಹೊಸ ನಟರಿಗೆ ಒಂದೇ ವಾಕ್ಯದಲ್ಲಿ ಹೇಳುತ್ತಿದ್ದರು. ತಾಸುಗಟ್ಟಲೆ ಜನ ತಮ್ಮನ್ನೇ ದಿಟ್ಟಿಸುತ್ತಿದ್ದರೆ ಮನುಷ್ಯ ಹೇಗೆ ಸುಸ್ತಾಗುತ್ತಾನೆ ಎಂದು ಗೊತ್ತಿದ್ದುದರಿಂದ, ಯಾರೂ ಕೇಳದೆಯೇ ಬಿಡುವು ಕೊಡುತ್ತಿದ್ದರು. ಮೊದಲ ಚಿತ್ರದಲ್ಲಿ ಎಲ್ಲರಿಗಿಂತ ಮುಂದೆ ಬಂದು ನಿಂತಿದ್ದ ಆ ಕಣ್ಣು ಇಲ್ಲಿ ಹಿಂದೆ ಸರಿದು ಕೆಲಸ ಮಾಡಿತು.

ಆ ಚಿತ್ರ ಕೆಲವು ಚಿತ್ರೋತ್ಸವಗಳಲ್ಲಿ ಪ್ರದರ್ಶನ ಕಂಡಿತು. ಬಹುಮಾನ ಬರಲಿಲ್ಲ. ಅದನ್ನು ನೋಡಿದ ಒಬ್ಬ ನಿರ್ಮಾಪಕರು ಒಂದು ಸರಣಿಯ ಎರಡು ಕಂತು ನಿರ್ದೇಶಿಸಲು ಕೊಟ್ಟರು. ನಟನೆಯಲ್ಲಿ ಇವರು ತಾರೆಯಾಗಿಲ್ಲ. ಪಾತ್ರಗಳು ಚಿಕ್ಕವೇ, ಆದರೆ ಈಗ ದನಿ ಇವರದ್ದೇ. ಮಾಡೆಲಿಂಗ್ ಪೂರ್ತಿ ಬಿಟ್ಟಿಲ್ಲ, ವರ್ಷಕ್ಕೆ ಹೆಚ್ಚೆಂದರೆ 30 ದಿನ ಎಂದು ಮಿತಿ ಹಾಕಿಕೊಂಡಿದ್ದಾರೆ. ಇದನ್ನು ಗೆಲುವು ಅನ್ನಬೇಕೋ ಬೇಡವೋ ಎಂಬ ಬಗ್ಗೆ ನಮ್ಮಿಬ್ಬರಿಗೂ ಜಗಳ ಇದೆ. ನಾನು ಗೆಲುವು ಅನ್ನುತ್ತೇನೆ. ಇವರು ಇನ್ನೂ ಇಲ್ಲ ಅನ್ನುತ್ತಾರೆ.

ಹೋದ ವಾರ ಒಂದು ಹೊಸ ಜಾಹೀರಾತು ಒಪ್ಪಂದ ಬಂದಿದೆ. ಇದುವರೆಗಿನ ಎಲ್ಲಕ್ಕಿಂತ ದೊಡ್ಡದು. ಆ ಹಣದಲ್ಲಿ ಒಂದು ಪೂರ್ಣ ಚಿತ್ರದ ಅರ್ಧ ಖರ್ಚು ಕಳೆಯುತ್ತದೆ. ರೂಪದ ಕಲಮು ಹಳೆಯ ಥರವೇ ಇದೆ, ಸಡಿಲಿಕೆ ಇಲ್ಲ. ಅವಧಿ ಎರಡು ವರ್ಷ. ಅದೇ ಎರಡು ವರ್ಷದಲ್ಲಿ ಮಾಡಬೇಕೆಂದು ಒಂದು ಪಾತ್ರವನ್ನೂ ಒಪ್ಪಿಕೊಂಡಿದ್ದಾರೆ. ಒಪ್ಪಂದದ ಪ್ರತಿ ನನ್ನ ಮೇಜಿನ ಮೇಲೆ ಬಿಟ್ಟು ಹೋಗಿದ್ದಾರೆ, ಸಹಿಯ ಜಾಗಕ್ಕೆ ಪೆನ್ಸಿಲಿನಲ್ಲಿ ಸಣ್ಣ ಪ್ರಶ್ನೆಚಿಹ್ನೆ ಹಾಕಿ.